ಕರಡಿ, ಸೊಳ್ಳೆ, ಕತ್ತೆ ಮತ್ತು ನಾನು

ನಗಿಸೋ ಕೆಲಸಕ್ಕೆ ಇಳಿದವನಿಗೆ ಒಂದು ಕಡೆ ನೆಮ್ಮದಿಯಾಗಿ ಕೂರೋ ಯೋಗ ಇರೋದಿಲ್ಲ. ಮಧುಗಿರಿಯ ಬಾಡಿಗೆ ಮನೆಯಲ್ಲಿದ್ದುಕೊಂಡು ನಾನು ಮಾಡೋದಿಷ್ಟು: ಸೋವಿಯತ್ ಕಾಲದ ಹಳೇ ರಷ್ಯನ್ ಕಾರ್ಟೂನುಗಳಿಗೆ ಕನ್ನಡದಲ್ಲಿ ಮಾತು ಬರೆಯೋದು. ಮಕ್ಕಳ ಚಾನೆಲ್ಲೊಂದರಲ್ಲಿ ಅವು ಬರುತ್ತವೆ. ಮೂಲದಲ್ಲಿ ಬರೆದ ಪುಣ್ಯಾತ್ಮನ ಹೆಸರು ಕೊನೆಗೆ ರಷ್ಯನ್ ಅಕ್ಷರದಲ್ಲಿ ಬರುತ್ತೆ, ನನಗೆ ಓದೋಕೆ ಬರಲ್ಲ. ನನ್ನ ಹೆಸರು ಬರೋದೇ ಇಲ್ಲ. ಬರೆದದ್ದಕ್ಕೆ ಯಾರಾದರೂ ನಗ್ತಾರೋ ಇಲ್ಲವೋ ಅನ್ನೋ ಚಡಪಡಿಕೆಗೆ ಮನೆ ತುಂಬ ಓಡಾಡ್ತೀನಿ. ಅದೂ ಸಾಲದೆ ಹೋದರೆ ಸಿಕ್ಕ ಬಸ್ ಹತ್ತುತ್ತೀನಿ. ಹೋದಲ್ಲೆಲ್ಲ ಏನಾದರೊಂದು ಆಗ್ತಾನೇ ಇರುತ್ತೆ.

ಹೆಣ್ಣು ನೋಡಿದ್ದು

ಶಿರಾ ಕಡೆಯ ತಾವರೆಕೆರೆಗೆ ಹೆಣ್ಣು ನೋಡೋಕೆ ಹೋಗಿದ್ದೆ. ಹುಡುಗಿಯ ಅಪ್ಪ ಎಲೆಗೆ ಸುಣ್ಣ ಹಚ್ಚುತ್ತಾ ಕೇಳಿದರು: "ಏನ್ ಕೆಲ್ಸ ಮಾಡ್ತೀರಪ್ಪಾ?"

"ಕಾರ್ಟೂನಲ್ಲಿ ಕರಡಿ, ಮೊಲ ಎಲ್ಲ ಮಾತಾಡ್ತವಲ್ಲ, ಆ ಮಾತು ಬರೀತೀನಿ."

"ಕರಡಿ ಎಲ್ ಮಾತಾಡ್ತದೆ?"

"ಮಾತಾಡಲ್ಲ. ಅದಕ್ಕೇ ನಾನು ಬರೀಬೇಕು."

ಅವರು ಎಲೆ ಮಡಚಿ ಬಾಯಿಗಿಟ್ಟುಕೊಂಡರು. "ಬೇಜಾರ್ ಮಾಡ್ಕಬ್ಯಾಡಿ, ಒಂದ್ ಮಾತ್ ಕೇಳ್ತೀನಿ. ಕರಡಿ ಸುಮ್ಕೆ ಮಲಿಕಂಡಿರೋ ತಿಂಗ್ಳು ನಿಮ್ಗೆ ಸಂಬ್ಳ ಹೆಂಗೆ?"

ಬಾಗಿಲ ಹಿಂದೆ ಹುಡುಗಿ ಕಿಸಕ್ಕನೆ ನಕ್ಕಳು. ಆ ನಗು ಕೇಳಿಯೇ ಒಪ್ಪಿಬಿಟ್ಟೆ. ಇಷ್ಟು ಚೆನ್ನಾಗಿ ನಗೋಳು ಮನೆಯಲ್ಲಿದ್ದರೆ ನನ್ನ ಕಸುಬಿಗೆ ಇನ್ನೇನು ಬೇಕು ಅಂದುಕೊಂಡೆ. ಮದುವೆಯಾದ ಮೇಲೆ ಗೊತ್ತಾಯ್ತು, ಅವಳು ನಗೋದು ಅವರಪ್ಪನ ಮಾತಿಗೆ ಮಾತ್ರ.

ಪಾವಗಡದ ಬಸ್ಸು

ಒಂದು ದಿನ ತೋಳ ಮೊಲವನ್ನು ಬೈಯೋ ಮಾತು ಕೂಡಿ ಬರಲೇ ಇಲ್ಲ. ಹೆಂಡತಿ ಅವರೆಕಾಯಿ ಸುಲೀತಾ, "ನಿಮ್ ಓಡಾಟ ನೋಡಿ ನಂಗೆ ತಲೆ ತಿರುಗ್ತೈತೆ, ಎಲ್ಲಾದ್ರೂ ಹೋಗ್ಬನ್ನಿ" ಅಂದಳು. ಪಾವಗಡದ ಬಸ್ ಹತ್ತಿ ಕಿಟಕಿ ಪಕ್ಕ ಕೂತೆ. ಬಸ್ಸು ಕುಲುಕಿದಂಗೆಲ್ಲ ಮಾತು ಬಂತು. ತೋಳನ ದನಿಯಲ್ಲಿ ಗುರ್ ಅಂದೆ, ಮೊಲದ ದನಿಯಲ್ಲಿ "ತಿನ್ಬೇಡಣ್ಣಾ" ಅಂತ ಅತ್ತೆ.

ಪಕ್ಕದಲ್ಲಿದ್ದ ಅಜ್ಜಿ ತನ್ನ ಚೀಲ ಎದೆಗವಚಿಕೊಂಡು ಸೀಟಿನ ತುದಿಗೆ ಸರಿದರು. ಆಮೇಲೆ ಆ ಕಡೆಯವರ ಹಾಗೆ ತೆಲುಗು ಬೆರೆಸಿ ಮೆತ್ತಗೆ ಕೇಳಿದರು: "ಅಯ್ಯೋ ಪಾಪಂ, ಯಾವ್ ಡಾಕ್ಟ್ರ ಹತ್ರ ತೋರಿಸ್ತಾ ಇದೀಯಪ್ಪಾ?"

"ಏನೂ ಕಾಯಿಲೆ ಇಲ್ಲ ಅಜ್ಜೀ. ನಾನು ಬರಹಗಾರ."

"ಅವುನಾ?" ಅಂತ ಅಜ್ಜಿ ನಿಟ್ಟುಸಿರು ಬಿಟ್ಟರು. "ನಮ್ ಬಾವನೂ ಮೊದಮೊದ್ಲು ಅಂಗೇ ಅಂತಿದ್ದ."

ಸೊಳ್ಳೆಯ ಊರು

ಒಂದು ಇಲಾಖೆಯವರು ಸೊಳ್ಳೆ ಬಗ್ಗೆ ಜಾಗೃತಿ ಕಾರ್ಟೂನು ಬರೆಸಿದರು. ಯಾವ ಊರಿನ ಕಚೇರಿ ಅಂತ ಮಾತ್ರ ಕೇಳಬೇಡಿ. ಸಾಹೇಬರು ನನ್ನೆದುರೇ ಓದಿದರು, ಒಂದು ಸಲವೂ ನಗಲಿಲ್ಲ. ನಾನು ಕುರ್ಚಿಯಲ್ಲಿ ಕೂರಲಾರದೆ ಕೂತಿದ್ದೆ.

"ಸೊಳ್ಳೆ ಯಾಕ್ರೀ ದಪ್ಪ ಇದೆ? ಮೇಲಿನವರು ತಮಗೇ ಹೇಳಿದ್ದು ಅಂದ್ಕೋತಾರೆ."

ಸಣ್ಣ ಮಾಡ್ತೀನಿ ಅಂದೆ.

"ಸಣ್ಣ ಮಾಡಿದ್ರೆ ಇಲ್ಲಿ ಅದಕ್ಕೆ ತಿನ್ನೋಕೆ ಇಲ್ಲ ಅಂತ ಅರ್ಥ ಬರುತ್ತೆ. ಚರಂಡಿ ಬೇಡ, ಅದು ಬೇರೆ ಇಲಾಖೆ. ಹಾಡೂ ಬೇಡ. ಅಷ್ಟಕ್ಕೂ ನಮ್ಮ ತಾಲ್ಲೂಕಲ್ಲಿ ಸೊಳ್ಳೆ ಇದೆ ಅಂತ ನೀವು ಹೆಂಗ್ರೀ ಬರೀತೀರಿ?"

ಅಷ್ಟರಲ್ಲಿ ಅವರ ಕೆನ್ನೆ ಮೇಲೊಂದು ಕೂತಿತು. ಫಟ್ ಅಂತ ಹೊಡೆದುಕೊಂಡರು. ಅಂಗೈ ತುಂಬ ರಕ್ತ. ನಾನು ನೋಡಿದೆ, ಅವರೂ ನೋಡಿದರು.

"ಇದು ಪಕ್ಕದ ತಾಲ್ಲೂಕಿಂದು" ಅಂದರು.

ಮನೆಗೆ ಬರುವಾಗ ದಾರಿಯುದ್ದಕ್ಕೂ ಆ ರಷ್ಯನ್ ಬರಹಗಾರನೇ ನೆನಪಾದ. ಅವನಿಗೂ ಇಂಥವರೊಬ್ಬರು ಸಿಕ್ಕಿರಬೇಕು, ಪಾಪ.

ಮುಖ್ಯ ಅತಿಥಿ

ಒಂದು ಕಾರ್ಟೂನಿನಲ್ಲಿ ಕತ್ತೆಗೆ ದನಿ ಕೊಡೋ ಕಲಾವಿದನಿಗೆ ಗಂಟಲು ಕಟ್ಟಿತು. ಸ್ಟುಡಿಯೋದವರು ನನ್ನನ್ನೇ ಮೈಕಿನ ಮುಂದೆ ನಿಲ್ಲಿಸಿದರು. ಅರಚಿ ಬಂದೆ. ಇಷ್ಟು ವರ್ಷ ಬರೆದದ್ದು ಒಬ್ಬರಿಗೂ ಗೊತ್ತಿರಲಿಲ್ಲ. ಅರಚಿದ್ದು ಮಾತ್ರ ಸುತ್ತಲಿನ ತಾಲ್ಲೂಕಿಗೆಲ್ಲ ಗೊತ್ತಾಯ್ತು.

ಕೊರಟಗೆರೆ ಕಡೆಯ ಒಂದು ಹಳ್ಳಿ ಶಾಲೆಯವರು ವಾರ್ಷಿಕೋತ್ಸವಕ್ಕೆ ಮುಖ್ಯ ಅತಿಥಿಯಾಗಿ ಕರೆದರು. ಕೊನೆಗೂ ನನ್ನ ಹೆಸರು ಹೇಳಿಕೊಳ್ಳೋ ಕಾಲ ಬಂತು ಅಂತ ಬರಹಗಾರರ ಕಷ್ಟಸುಖದ ಮೇಲೆ ಒಳ್ಳೇ ಭಾಷಣ ಬರೆದು ಜೇಬಲ್ಲಿಟ್ಟುಕೊಂಡು ಹೋದೆ.

ಹೆಡ್ಮಾಸ್ಟರು ಮೈಕ್ ಹಿಡಿದು ಕೇಳಿದರು: "ಮಕ್ಕಳೇ, ಇವತ್ತು ನಮ್ ಶಾಲೆಗೆ ಯಾರು ಬಂದಿದಾರೆ?"

"ಕತ್ತೆ, ಸಾ!" ಇಡೀ ಮೈದಾನ ಒಟ್ಟಿಗೆ ಕೂಗಿತು.

ಹೆಡ್ಮಾಸ್ಟರ ಮುಖ ಕೆಂಪಾಯ್ತು. "ಲೇ, ಮುಚ್ರಲೇ ಬಾಯಿ! ದೊಡ್ಡೋರ್ನ ಅಂಗಂತಾರೇನ್ರಲೇ? ಮರ್ಯಾದೆ ಕೊಟ್ಟು ಮಾತಾಡ್ಬೇಕು. ಕತ್ತೆಯವ್ರು ಬಂದಿದಾರೆ ಅನ್ಬೇಕು!"

ಮಕ್ಕಳೆಲ್ಲ ಎದ್ದು ನಿಂತು ಕೈಮುಗಿದರು: "ನಮಸ್ಕಾರ, ಕತ್ತೆಯವ್ರೇ!"

ಇನ್ನು ಭಾಷಣ ಯಾರಿಗೆ ಬೇಕು? ಮೈಕಿಗೆ ಬಾಯಿಟ್ಟು, ಹೊಟ್ಟೆಯೊಳಗಿಂದ ಒಂದೇ ಸಲ ಜೋರಾಗಿ ಅರಚಿ, ಬಂದು ಕೂತೆ. ಮಕ್ಕಳು ನೆಲಕ್ಕೆ ಬಿದ್ದು ಹೊರಳಾಡಿದರು.

ವಂದನಾರ್ಪಣೆಯ ಮೇಡಂ ಮಾತ್ರ ನಗಲಿಲ್ಲ. ಮನೆಯಲ್ಲೇ ಬರೆದು ತಂದಿದ್ದ ಚೀಟಿ ಬಿಡಿಸಿ ಗಂಭೀರವಾಗಿ ಓದಿದರು: "ನಮ್ಮ ಆಹ್ವಾನವನ್ನು ಮನ್ನಿಸಿ ಆಗಮಿಸಿ, ತಮ್ಮ ಅಮೂಲ್ಯವಾದ ಹಿತನುಡಿಗಳಿಂದ ಮಕ್ಕಳಿಗೆ ದಾರಿದೀಪವಾದ ಮುಖ್ಯ ಅತಿಥಿಗಳಿಗೆ ಅನಂತ ವಂದನೆಗಳು."