ಭಾವಮೈದುನನ ಕಣ್ಣಿಗೆ ನಾನು ಕೊಟ್ಟ ನಂಬರು

ರೋಗಗಳಿಗೆಲ್ಲ ನಂಬರು ಬಂದ ಕಾಲ ಅದು. ಯಶವಂತಪುರದಾಚೆಯ ಒಂದು ಕಾರ್ಖಾನೆಯ ಆಸ್ಪತ್ರೆಯಲ್ಲಿ ನಾನು ಗುಮಾಸ್ತ. ಅಲ್ಲಿಯವರೆಗೆ ಕಾರ್ಮಿಕರ ರಜೆ ಚೀಟಿಯಲ್ಲಿ ‘ಕಣ್ಣುಬೇನೆ’ ಎಂದು ಬರೆದರೆ ಸಾಕಾಗಿತ್ತು. ಈಗ ಹೆಡ್ಡಾಫೀಸಿನಿಂದ ದಪ್ಪನೆಯ ಇಂಗ್ಲಿಷ್ ಪುಸ್ತಕವೊಂದು ಬಂತು. ಡಾಕ್ಟರು ಎರಡು ಪದ ಗೀಚುವುದು, ನಾನು ಪುಸ್ತಕದಲ್ಲಿ ಅದರ ನಂಬರು ಹುಡುಕಿ ಚೀಟಿಗೆ ಏರಿಸುವುದು, ನಂಬರಿನ ಯೋಗ್ಯತೆಗೆ ತಕ್ಕಷ್ಟು ರಜೆಯನ್ನು ಹೆಡ್ಡಾಫೀಸು ಕೊಡುವುದು. ಮನುಕುಲದ ಕಾಯಿಲೆಗಳೆಲ್ಲ ನನ್ನ ಮೇಜಿನ ಮೇಲಿವೆ ಎಂಬ ಗಾಂಭೀರ್ಯ ಬಹುಬೇಗ ನನ್ನ ನಡಿಗೆಗೂ ಬಂತು.

ಅಷ್ಟರಲ್ಲಿ ಊರಿಗೆ ಮದ್ರಾಸ್ ಐ ಬಂತು. ಕಣ್ಣು ಕೆಂಪು, ರೆಪ್ಪೆ ಅಂಟಿಕೊಳ್ಳುವಷ್ಟು ಪಿಸುರು. ನಮ್ಮ ವಠಾರಕ್ಕೆ ಅದನ್ನು ಮೊದಲು ತಂದವರು ಮೂಲೆಮನೆಯ ನಿವೃತ್ತ ಹೆಡ್‌ಮಾಸ್ತರು. ಅಲ್ಲಿಂದ ಮನೆಮನೆಗೂ ಹರಡಿ, ಕೊನೆಗೆ ನನ್ನ ಭಾವಮೈದುನ ನಾಗರಾಜನಿಗೆ ಅಂಟಿತು. ಅವನು ನಮ್ಮ ಮನೆಯಲ್ಲೇ ಇದ್ದುಕೊಂಡು ನಮ್ಮ ಕಾರ್ಖಾನೆಯಲ್ಲೇ ಫಿಟ್ಟರ್ ಆಗಿದ್ದ. ಸದ್ಯದಲ್ಲೇ ಯಲಹಂಕದಲ್ಲಿ ಅವನಿಗೆ ಹೆಣ್ಣು ನೋಡುವ ಶಾಸ್ತ್ರ. ಹುಡುಗಿಯ ಫೋಟೋ ನೋಡಿದಾಗಿನಿಂದ ಬೇರೆ ಫೋಟೋ ತೋರಿಸಬೇಡಿ ಎಂದು ಅವನು ಹೇಳಿಬಿಟ್ಟಿದ್ದ.

“ರೀ, ಮಾಮೂಲಿ ಕಣ್ಣುಬೇನೆಗೆ ಮೂರೇ ದಿನ ರಜ ಅಂತೆ. ಮತ್ತೆ ಹೋಗಿ ಆ ಕಬ್ಬಿಣದ ಧೂಳಲ್ಲಿ ನಿಂತ್ರೆ ಕೆಂಪು ಇಳಿಯುತ್ತಾ? ಹುಡುಗಿ ನೋಡಿ ಹೆದರ್ಕೋತಾಳೆ,” ಎಂದಳು ನನ್ನ ಹೆಂಡತಿ ಕಮಲ.

“ಅದಕ್ಕೆ ನಾನೇನ್ ಮಾಡ್ಲಿ ಕಣೇ?”

“ಅಷ್ಟು ದಪ್ಪ ಪುಸ್ತಕದಲ್ಲಿ ನನ್ ತಮ್ಮನಿಗೆ ಒಂದು ಒಳ್ಳೇ ಕಾಯಿಲೆ ಸಿಗಲ್ವಾ?”

ಸಿಗದೆ ಏನು! ಡಾಕ್ಟರು ‘ಕಣ್ಣಿನ ಉರಿಯೂತ’ ಎಂದಷ್ಟೇ ಗೀಚಿದ್ದರು. ರೆಪ್ಪೆಯದಕ್ಕೆ ಒಂದು ನಂಬರು, ಪಾಪೆಯದಕ್ಕೆ ಇನ್ನೊಂದು. ಮಾಮೂಲಿ ಕೆಂಗಣ್ಣು ಮುನ್ನೂರ ಎಪ್ಪತ್ತು. ಅದನ್ನು ಆಗಲೇ ಊರಿಗೆಲ್ಲ ಹಂಚಿದ್ದೆ. ಹೆಂಡತಿಯ ತಮ್ಮನಿಗೂ ಅದನ್ನೇ ಕೊಟ್ಟರೆ ಮನೆತನದ ಮರ್ಯಾದೆ ಏನಾಗಬೇಕು? ಹುಡುಕಿದೆ. ಕಣ್ಣಿನ ರೋಗಗಳೆಲ್ಲ ಪುಸ್ತಕದ ನಡುವೆ ಗುಂಪಾಗಿದ್ದರೆ, ಒಂದು ಮಾತ್ರ ಮುಂದಿನ ಪುಟಗಳಲ್ಲಿ, ಗಣ್ಯರ ಸಾಲಿನಲ್ಲಿ ಕುಳಿತಿತ್ತು. ಕಣ್ಣಿನ ಸೋಂಕು ಎಂಬುದು ತಿಳಿಯಿತು. ಅದರ ಹಿಂದಿದ್ದ ಉದ್ದನೆಯ ಪದ ಮಾತ್ರ ತಿಳಿಯಲಿಲ್ಲ. ತಿಳಿಯದ್ದರಿಂದಲೇ ಗೌರವ ಹೆಚ್ಚಿತು. ಸೊನ್ನೆ ಮೂವತ್ತಮೂರು. ಬರೆದೇಬಿಟ್ಟೆ! ಡಾಕ್ಟರು ಕಂತೆಯ ಜೊತೆಗೆ ಅದಕ್ಕೂ ಸಹಿ ಹಾಕಿದರು.

ರಜೆ ಧಾರಾಳವಾಗಿ ಮಂಜೂರಾಯಿತು.

“ಭಾವ, ನೀವು ದೇವರು!” ಎಂದ ನಾಗರಾಜ, ಕಣ್ಣಿಗೆ ಒದ್ದೆಬಟ್ಟೆ ಒತ್ತಿಕೊಂಡು. ನಾನು ಅಲ್ಲಗಳೆಯಲಿಲ್ಲ.

ಆಮೇಲೆ ಹೆಡ್ಡಾಫೀಸಿನಿಂದ ಒಂದು ಕಾಗದ ಬಂತು. ಈ ರೋಗ ಯಾರಿಂದ ಬಂತು, ಸಂಪರ್ಕದಲ್ಲಿ ಮತ್ತ್ಯಾರಿದ್ದಾರೆ, ಗುಟ್ಟಾಗಿ ತಿಳಿಸತಕ್ಕದ್ದು. ಕೆಂಗಣ್ಣಿಗೂ ಗುಟ್ಟೇ ಎಂದು ನಕ್ಕು, ಮುದ್ದಾದ ಅಕ್ಷರದಲ್ಲಿ ಉತ್ತರಿಸಿದೆ: ‘ಸದರಿ ರೋಗವನ್ನು ನಮ್ಮ ವಠಾರಕ್ಕೆ ಮೊದಲು ತಂದವರು ಮಾನ್ಯ ನಿವೃತ್ತ ಹೆಡ್‌ಮಾಸ್ತರು. ಅವರಿಂದ ಪ್ರತಿ ಮನೆಗೂ ಹರಡಿದ್ದು, ನಾನೂ ಅನುಭವಿಸಿರುತ್ತೇನೆ. ವರ್ಷಕ್ಕೊಮ್ಮೆ ಇದು ಇದ್ದದ್ದೇ ಆದ್ದರಿಂದ ತಾವು ಗಾಬರಿಪಡಬೇಕಾಗಿಲ್ಲ.’

ಭಾನುವಾರ ರೈಲಿನಲ್ಲಿ ಯಲಹಂಕಕ್ಕೆ ಹೋದೆವು. ನಾಗರಾಜನ ಕಣ್ಣು ತೊಳೆದ ಪಿಂಗಾಣಿಯಂತಿತ್ತು. ಆದರೆ ಆ ಮನೆಯಲ್ಲಿ ಉಪ್ಪಿಟ್ಟಿನ ವಾಸನೆ ಇರಲಿಲ್ಲ. ನಡುಮನೆಯಲ್ಲಿ ಹುಡುಗಿಯ ತಂದೆ ಶ್ರೀನಿವಾಸಯ್ಯನವರು ಒಬ್ಬರೇ ಕುಳಿತಿದ್ದರು. ಅವರಿಗೆ ನಮ್ಮ ಹೆಡ್ಡಾಫೀಸಿನಲ್ಲೇ ಕೆಲಸ ಎಂದು ನನಗೆ ಗೊತ್ತಿತ್ತು. ಯಾವ ವಿಭಾಗ ಎಂದು ಮಾತ್ರ ಕೇಳಿರಲಿಲ್ಲ.

ಅವರು ಜೇಬಿನಿಂದ ನನ್ನ ಉತ್ತರವನ್ನು ತೆಗೆದರು. “ಈ ಅಕ್ಷರ ನಿಮ್ದೇನಾ ಸ್ವಾಮಿ?”

“ನನ್ನದೇ,” ಎಂದೆ, ಹೊಗಳಿಕೆಗೆ ಸಿದ್ಧನಾಗಿ.

ಅವರು ನನ್ನ ಕಿವಿಗೆ ಬಾಗಿ ಸೊನ್ನೆ ಮೂವತ್ತಮೂರರ ಅರ್ಥ ಹೇಳಿದರು. ಗಂಡಸರು ಹೋಗಬಾರದ ಬೀದಿಗೆ ಹೋಗಿ ತರುವ ರೋಗವಂತೆ. ಕಣ್ಣಿಗೂ ಹತ್ತುತ್ತದಂತೆ!

“ವರ್ಷಕ್ಕೊಂದ್ಸಲ ವಠಾರದೋರೆಲ್ಲ ಒಟ್ಟಿಗೇ ಹೋಗ್ತೀರೇನ್ರೀ?”

“ಏನಂದ್ರು ರೀ?” ಎಂದಳು ಕಮಲ.

“ಏನಿಲ್ಲ, ಹೆಡ್‌ಮಾಸ್ತರ ಕ್ಷೇಮ ವಿಚಾರಿಸಿದ್ರು.”

“ನೋಡಿ,” ಎಂದು ಶ್ರೀನಿವಾಸಯ್ಯನವರು ಎಲ್ಲರಿಗೂ ಕೇಳುವಂತೆಯೇ ಹೇಳಿದರು, “ಈ ನಂಬರು ನಿಜ ಆದ್ರೆ ಹುಡುಗ ನಮಗೆ ಬೇಡ. ಸುಳ್ಳಾದ್ರೆ ಅದನ್ನ ಬರೆದೋರು ನೀವು. ಯಾವ್ದು, ಹೇಳ್ಬಿಡಿ.”

ನಾಗರಾಜ ನನ್ನ ಮುಖ ನೋಡಿದ. “ಭಾವ?” ಎಂದ. ದೇವರು ಎಂದು ಕರೆದ ದನಿ ಅದಲ್ಲ.

ಎದ್ದು ನಿಂತೆ. ಹುಡುಗನಿಗೆ ಬಂದಿದ್ದು ಬರೀ ಕೆಂಗಣ್ಣೆಂದೂ, ಇಂಗ್ಲಿಷ್ ಪದ ನನಗೆ ಅರ್ಥವಾಗಲಿಲ್ಲವೆಂದೂ, ಉದ್ದವಾಗಿದ್ದ ಏಕೈಕ ಕಾರಣಕ್ಕೆ ಅದನ್ನು ಆರಿಸಿದೆನೆಂದೂ ಸಭೆಗೆ ನಿವೇದಿಸಿಕೊಂಡೆ. ಅಡಿಗೆಮನೆಯ ಬಾಗಿಲ ಹಿಂದೆ ಯಾರೋ ಕಿಸಕ್ಕನೆ ನಕ್ಕರು. ಹುಡುಗಿಯೇ! ನಾಗರಾಜನ ಮುಖ ಅರಳಿತು.

ಶ್ರೀನಿವಾಸಯ್ಯನವರು ಮೀಸೆಯಲ್ಲೇ ನಗು ನುಂಗಿಕೊಂಡು ಕಮಲಳ ಕಡೆ ತಿರುಗಿದರು. “ನಾಳೆ ಡಾಕ್ಟರ ಹತ್ರ ಸರಿ ಮಾಡ್ಸಿ ಕಳಿಸ್ಲಿ. ಹುಡುಗನ ಮೇಲೆ ನಮ್ದೇನೂ ದೂರಿಲ್ಲಮ್ಮ. ಮುಂದಿನ ಮಾತಿಗೆ ಮಾತ್ರ ನಿಮ್ಮ ಕಡೆಯಿಂದ ಬೇರೆ ಯಾರಾದ್ರೂ ಹಿರೀರಿದ್ರೆ ಕರ್ಕೊಂಡ್ ಬನ್ನಿ.”

ಮುಂದಿನ ಸಲ ಕಮಲ ಕರೆದುಕೊಂಡು ಹೋದದ್ದು ಹೆಡ್‌ಮಾಸ್ತರನ್ನು!

ಸೋಮವಾರ ಡಾಕ್ಟರು ನಂಬರು ತಿದ್ದಿದರು, ನನ್ನನ್ನು ಬೈದರು, ಪುಸ್ತಕವನ್ನು ತಮ್ಮ ಮೇಜಿಗೆ ಎತ್ತಿಕೊಂಡರು. ನನಗೆ ಔಷಧಿ ಸೀಸೆಗಳಿಗೆ ಚೀಟಿ ಅಂಟಿಸುವ ಕೆಲಸ. ಚೀಟಿ ಬರೆಯುವವರು ಬೇರೆಯವರು.

ಮದುವೆ ಚೆನ್ನಾಗಿಯೇ ನಡೆಯಿತು. ಜವಾಬ್ದಾರಿಗಳನ್ನು ಹಂಚುವಾಗ ಹಿರಿಯರು ಬಹಳ ಯೋಚಿಸಿ, ಓದು ಬರಹದ ಅಗತ್ಯವೇ ಇಲ್ಲದ ಹುದ್ದೆಯೊಂದನ್ನು ನನಗೆ ದಯಪಾಲಿಸಿದರು: ಬಾಗಿಲಲ್ಲಿ ನಿಂತು ಪನ್ನೀರು ಚಿಮುಕಿಸುವುದು. ಆದರೂ ಕಮಲ ಮುಹೂರ್ತದವರೆಗೂ ನನ್ನ ಪಕ್ಕ ಬಿಟ್ಟು ಕದಲಲಿಲ್ಲ.

“ರೀ, ಸ್ವಲ್ಪ ಕೆಳಗೆ ಹಿಡೀರಿ. ಯಾರ ಕಣ್ಣಿಗಾದ್ರೂ ಬಿದ್ದೀತು!”