ಸಾಯುವುದರಲ್ಲಿ ಪಳಗಿದ ನೆರೆಯವರು

ನನಗೆ ಗೊತ್ತಿರುವವರ ಪೈಕಿ ಅತಿ ಹೆಚ್ಚು ಸಲ ಸತ್ತವರೆಂದರೆ ಸೌದಿಯ ದಮ್ಮಾಮಿನಲ್ಲಿ ನಮ್ಮ ಪಕ್ಕದ ಮನೆಯಲ್ಲಿರುವ ಜರ್ಮನ್ ಹಿರಿಯರು. ಸತ್ತು ಸತ್ತು ಅವರ ಆರೋಗ್ಯ ಎಷ್ಟು ಗಟ್ಟಿಯಾಗಿದೆಯೆಂದರೆ, ಎಷ್ಟು ನೀರುದೋಸೆ ಬಡಿಸಿದರೂ ಅವರನ್ನು ಸೋಲಿಸಲು ನಮ್ಮ ಮನೆಯವರಿಗೆ ಇನ್ನೂ ಆಗಿಲ್ಲ!

ಗಾಬರಿಯಾಗಬೇಡಿ, ಅವರು ನಟರು. ಅವರ ದೇಶದ ಸಿನೆಮಾ, ಟಿವಿ ಧಾರಾವಾಹಿಗಳಲ್ಲಿ ಆಯುಷ್ಯವಿಡೀ ಸಣ್ಣಪುಟ್ಟ ಪಾತ್ರ ಮಾಡಿ, ಈಗ ಇಲ್ಲಿ ಎಂಜಿನಿಯರ್ ಆಗಿರುವ ಮಗಳ ಮನೆ ಸೇರಿದ್ದಾರೆ. ಪತ್ತೇದಾರಿ ಧಾರಾವಾಹಿಗೆ ಹೆಣ ಬೇಕಾದರೆ ಮೊದಲ ಕರೆ ಇವರಿಗೇ. ಬಡ್ತಿ ಸಿಕ್ಕಿದರೆ ಹೋಟೆಲ್ ಮಾಣಿ!

"ಹೀರೋ ಆಗಬೇಕು ಅನಿಸಲಿಲ್ಲವೇ?" ಎಂದು ಕೇಳಿದೆ.

"ಹೀರೋ ಕೊನೆಯವರೆಗೂ ಓಡಬೇಕು. ನಾನು ಆರಂಭದಲ್ಲೇ ಸತ್ತು, ಮನೆಗೆ ಹೋಗಿ ಸೂಪು ಕುಡಿಯುತ್ತಿದ್ದೆ."

ಒಂದು ಶುಕ್ರವಾರ ತಮ್ಮ ಅತಿ ದೊಡ್ಡ ಚಿತ್ರ ತೋರಿಸುತ್ತೇನೆಂದು ನಮ್ಮನ್ನೆಲ್ಲ ಕೂರಿಸಿಕೊಂಡರು. ಕಾದೆವು, ಕಾದೆವು. ನಾಯಕಿಯ ಮುಂದೆ ಯಾರೋ ಕಾಫಿಯ ಕಪ್ಪು ಇಟ್ಟರು. ಮುದುಕರು ಕುರ್ಚಿಯಿಂದ ಜಿಗಿದೆದ್ದರು. "ಆ ಕೈ! ಆ ಕೈ ನನ್ನದೇ!"

ಅಭ್ಯಾಸ ಬಿಟ್ಟುಹೋಗಬಾರದೆಂದು ಇಲ್ಲೂ ಆಗಾಗ ಸಾಯುತ್ತಾರೆ. ಒಂದು ಸಂಜೆ ನಮ್ಮ ವಸತಿ ಕಾಂಪೌಂಡಿನ ಈಜುಕೊಳದ ಬದಿಯಲ್ಲಿ ಕಣ್ಣು ತೆರೆದುಕೊಂಡೇ ಬಿದ್ದಿದ್ದರು. ಕಾವಲುಗಾರ "ಮರ್ ಗಯಾ ಸಾಬ್!" ಎಂದು ಕೂಗುತ್ತ ಓಡಿಬಂದ. ನಾನು ಆಂಬುಲೆನ್ಸಿಗೆ ಫೋನ್ ಹಚ್ಚುವಷ್ಟರಲ್ಲಿ ಹೆಣ ತಲೆ ಎತ್ತಿ ವಿಚಾರಿಸಿತು: "ಉಸಿರಾಡಿದ್ದು ಗೊತ್ತಾಯಿತೇ?"

ಇಂಥವರನ್ನು ನಮ್ಮ ಕನ್ನಡ ಬಳಗದವರು ಬಿಟ್ಟಾರೆಯೇ? ವಾರ್ಷಿಕ ನಾಟಕದಲ್ಲಿ ಒಂದು ಪಾತ್ರ ಕೊಟ್ಟೇಬಿಟ್ಟರು. ಮಳೆಯಲ್ಲಿ ನೆನೆದು ಬರುವ ದಾರಿಹೋಕ. ಇರುವುದು ಒಂದೇ ಮಾತು: "ಬಾಗಿಲು ತೆಗೀರಿ, ಮಳೆ ಬರ್ತಾ ಉಂಟು."

ಕಲಿಸುವವರು ಯಾರು? ನನ್ನ ತಾಯಿ, ನಮ್ಮ ಉಮ್ಮ, ಉಡುಪಿ ಕಡೆಯ ಕಾಪುವಿನ ಶಾಲೆಯಲ್ಲಿ ಕನ್ನಡ ಟೀಚರ್ ಆಗಿದ್ದವರು. ಅಪ್ಪ ತೀರಿಹೋದ ಮೇಲೆ ನಾನು ಅವರನ್ನು ಇಲ್ಲಿಗೆ ಕರೆತಂದಿದ್ದೆ. ಬಂದವರು ಕಿಟಕಿಯ ಬಳಿ ಕೂತುಬಿಟ್ಟಿದ್ದರು. ಕೇಳಿದ್ದಕ್ಕೆ ಹೂಂ, ಇಲ್ಲದಿದ್ದರೆ ಊಹೂಂ. ನಾನು ಹಿಂಜರಿಯುತ್ತಲೇ ಮುದುಕರನ್ನು ಅವರ ಮುಂದೆ ಕೂರಿಸಿದೆ.

"ಮಲೆ ಬರ್ತಾ ಉಂಟು," ಎಂದರು ಮುದುಕರು.

ಉಮ್ಮ ಕಿಟಕಿಯಿಂದ ಮುಖ ತಿರುಗಿಸಿದರು. "ಮಲೆ ಬರುವುದು ಎಂತ ಮಾರಾಯ್ರೇ? ಬೆಟ್ಟ ನಡೆದುಕೊಂಡು ಬರ್ತದಾ? ಮಳೆ! ನಾಲಗೆ ಮಡಚಿ!"

ಎಷ್ಟು ದಿನ ಕಳೆದರೂ ಆ ನಾಲಗೆ ಮಡಚಲಿಲ್ಲ. ಉಮ್ಮ ಮಾತ್ರ ಬೆಳಿಗ್ಗೆಯೇ ಶಾಲು ಹೊದ್ದು, "ಆ ಮನುಷ್ಯ ಬರ್ಲಿಲ್ವಾ?" ಎಂದು ಕೇಳತೊಡಗಿದರು.

ನಾಟಕದ ದಿನ ಮುದುಕರು ಮೈಯೆಲ್ಲ ನೀರು ಸುರಿದುಕೊಂಡು ರಂಗಕ್ಕೆ ಬಂದರು. ಬಾಗಿಲು ತಟ್ಟಿದರು. ಬಾಯಿ ತೆರೆದರು. ಮಾತೇ ಇಲ್ಲ! ತುಂಬಿದ ಸಭೆ, ಪರದೆಯ ಪಕ್ಕ ನಿಂತಿದ್ದ ನನಗೆ ಬೆವರು. ಅವರು ದಿಕ್ಕು ತಪ್ಪಿದವರಂತೆ ಮುಂದಿನ ಸಾಲಿನ ಕಡೆ ನೋಡಿದರು.

"ಮಳೆ ಬರ್ತಾ ಉಂಟು ಹೇಳಿ ಮಾರಾಯ್ರೇ!" ಉಮ್ಮ ಎದ್ದುನಿಂತಿದ್ದರು.

ಮುದುಕರು ಕೇಳಿಸಲಿಲ್ಲವೆಂಬಂತೆ ಕಿವಿಗೆ ಕೈ ಹಚ್ಚಿದರು. ಉಮ್ಮ ಶಾಲೆಯ ಗಂಟಲು ತೆಗೆದರು. ಮನೆಯಲ್ಲಿ ಇಂಗ್ಲಿಷ್ ಬಿಟ್ಟು ಬೇರೆ ಮಾತಾಡದ ನಮ್ಮ ಮಕ್ಕಳೆಲ್ಲ ಅವರ ಹಿಂದೆಯೇ ಕೂಗಿದರು: "ಮಳೆ ಬರ್ತಾ ಉಂಟು!" ಸಭಾಂಗಣ ನಗುವಿನಲ್ಲಿ ಮುಳುಗಿಹೋಯಿತು.

ಪರದೆಯ ಹಿಂದೆ ನಾನು ಮುದುಕರನ್ನು ಸಮಾಧಾನಪಡಿಸಿದೆ. "ಇರಲಿ ಬಿಡಿ, ಮರೆವು ಯಾರನ್ನೂ ಬಿಟ್ಟಿಲ್ಲ."

ಅವರು ಟವೆಲಿನಲ್ಲಿ ತಲೆ ಒರೆಸಿಕೊಳ್ಳುತ್ತ ನನ್ನನ್ನೇ ನೋಡಿದರು. "ಮರೆವೇ? ಇಷ್ಟು ವರ್ಷದಲ್ಲಿ ನಾನು ಒಂದು ಮಾತೂ ಮರೆತವನಲ್ಲ." ಆಮೇಲೆ ಮೆಲ್ಲಗೆ, ಕಾಪುವಿನವರೂ ತಪ್ಪು ಹುಡುಕಲಾಗದಂತೆ, "ಬಾಗಿಲು ತೆಗೀರಿ, ಮಳೆ ಬರ್ತಾ ಉಂಟು," ಎಂದರು.

ಹೊರಗೆ ಬಂದರೆ ಉಮ್ಮನ ಸುತ್ತ ಮಕ್ಕಳ ಹಿಂಡು, ಮಡಚಲು ಹೋಗಿ ಎಲ್ಲರ ನಾಲಗೆಯೂ ಹೊರಗೆ.

"ಉಮ್ಮಾ, ಮನೆಗೆ ಹೋಗುವನಾ?"

"ನೀನು ಹೋಗು," ಎಂದರು ತಿರುಗಿಯೂ ನೋಡದೆ. "ಈ ಮಕ್ಕಳಿಗೆ ಇನ್ನೂ ಳ ಬರ್ಲಿಲ್ಲ."