ಅದೊಂದು ವಿಲಾಯತಿ ಹಕ್ಕಿ

ಇಂಗ್ಲಿಷ್ ಮಾಸ್ತರನ ಮರ್ಯಾದೆ ವಾರಕ್ಕೊಮ್ಮೆಯಾದರೂ ಬೀದಿಗೆ ಬರುತ್ತದೆ. ಮಳಗಿ ಎಂಬ ಈ ಸಣ್ಣ ಊರಲ್ಲಿ ನನಗಿದು ರೂಢಿಯಾಗಿದೆ. ಶಾಲೆಯ ಗೇಟಿನ ಕರಿಹಲಗೆಯ ಮೇಲೆ ದಿನಕ್ಕೊಂದು ಅಪರೂಪದ ಇಂಗ್ಲಿಷ್ ಶಬ್ದ, ಅದರ ಅರ್ಥ ಬರೆಯುತ್ತೇನೆ. ಅದನ್ನು ನೋಡಿದವರೆಲ್ಲ ತಮಗೆ ತಿಳಿಯದ ಶಬ್ದ ಹಿಡಿದು ನನ್ನ ಹತ್ತಿರ ಬರುತ್ತಾರೆ. 'ಗೊತ್ತಿಲ್ಲ' ಅನ್ನಲು ನನಗೆ ಜೀವವೇ ಹೋದಂತಾಗುತ್ತದೆ. ಅದಕ್ಕೇ ಒಂದು ಉಪಾಯ ಮಾಡಿಕೊಂಡಿದ್ದೆ. ಅರ್ಥ ಗೊತ್ತಿಲ್ಲದಿದ್ದರೆ "ಅದೊಂದು ವಿಲಾಯತಿ ಹಕ್ಕಿ" ಅಂದುಬಿಡುವುದು. ಮಳಗಿಯಿಂದ ವಿಲಾಯತಿಗೆ ಹೋಗಿ ನೋಡಿ ಬರುವವರು ಯಾರು?

ಟ್ರ್ಯಾಕ್ಟರಿನೊಳಗೆ

ಮುಂಡಗೋಡದ ಮೆಕ್ಯಾನಿಕ್ ಚಾಚಾ ಟ್ರ್ಯಾಕ್ಟರಿನ ಪುಸ್ತಕ ತಂದು, "ಮಾಸ್ತರ್ರ, ಗ್ರೋಮೆಟ್ ಅಂದ್ರ ಏನ್ರಿ?" ಅಂದರು.

"ಅದೊಂದು ವಿಲಾಯತಿ ಹಕ್ಕಿ, ಚಾಚಾ."

"ಟ್ರ್ಯಾಕ್ಟರ್‌ನ್ಯಾಗ ಹಕ್ಕಿ?"

"ಕಂಪನಿಯವರ ಗುರುತು ಇರಬೇಕ್ರಿ."

ಮರುದಿನ ಚಾಚಾ ಒಂದು ರಬ್ಬರ್ ಬಳೆ ಹಿಡಿದು ಶಾಲೆಗೇ ಬಂದರು. "ನಿಮ್ಮ ಹಕ್ಕಿ ಸಿಕ್ತ್ರಿ. ತಗಡಿನ ತೂತಿನ್ಯಾಗ ವೈರ್ ತಬ್ಕೊಂಡು ಕುಂತಿತ್ತು!"

ಮನೆಯೊಳಗೆ

ಒಮ್ಮೆ ಹಲಗೆಯ ಮೇಲೆ 'ಅಕ್ಸೋರಿಯಸ್' ಎಂದು ಬರೆದಿದ್ದೆ. ಅರ್ಥ ನಿಜವಾಗಿಯೂ ಗೊತ್ತಿತ್ತು. ಆ ಉಬ್ಬಿನಲ್ಲಿ ಮನೆಗೆ ಬಂದು ಹೆಂಡತಿಗೂ ಹೇಳಿದೆ: "ಹೆಂಡತಿ ಅಂದ್ರ ಜೀವ ಬಿಡೂ ಗಂಡ ಅಂತ ಅರ್ಥ."

ಆಕೆ ರೊಟ್ಟಿ ಬಡಿಯುವುದನ್ನು ನಿಲ್ಲಿಸಲೂ ಇಲ್ಲ. "ಅದೂ ವಿಲಾಯತಿ ಹಕ್ಕೀನ ಬಿಡ್ರಿ. ನಮ್ಮ ಕಡೆ ಎಲ್ಲೂ ಕಂಡಿಲ್ಲ."

ತರಗತಿಯೊಳಗೆ

ತಪಾಸಣೆಗೆ ದೊಡ್ಡ ಸಾಹೇಬರು ಬರುವ ದಿನ. ಹೆದರಿಕೆಗೆ ಬೆಳಗಿನಿಂದ ನನ್ನ ಗಂಟಲಲ್ಲಿ ತುತ್ತು ಇಳಿದಿರಲಿಲ್ಲ. ಊರಲ್ಲಿ ಗಳಿಸಿದ ಹೆಸರು ಇವತ್ತು ಉಳಿದರೆ ಸಾಕು ಎಂದುಕೊಳ್ಳುತ್ತ ನಿಂತಿದ್ದೆ. ಹಲಗೆಯ ಸುದ್ದಿ ಕೇಳಿದ್ದ ಸಾಹೇಬರು ಮಕ್ಕಳಿಗೆ, "ಬಾರ್ಬಾರಿಗ್ಮಸ್ ಅಂದ್ರ ಏನ್ರೋ?" ಎಂದು ಕೇಳಿದರು.

ಮಕ್ಕಳೆಲ್ಲ ನನ್ನ ಮುಖ ನೋಡಿದರು. ನಾನು ಛಾವಣಿ ನೋಡಿದೆ. ಅಷ್ಟರಿಂದಲೇ ಅವರಿಗೆ ಉತ್ತರ ಸಿಕ್ಕಿಬಿಟ್ಟಿತು. ಇಡೀ ತರಗತಿ ಒಂದೇ ಸ್ವರದಲ್ಲಿ ಕೂಗಿತು: "ಅದೊಂದು ವಿಲಾಯತಿ ಹಕ್ಕಿರೀ ಸರ್!"

ಸಾಹೇಬರು ನನ್ನ ಕಡೆ ತಿರುಗಿದರು. "ಹೌದೇನ್ರಿ ಮಾಸ್ತರ?"

"ಹೌದ್ರಿ ಸರ್," ಅಂದೆ. ಬೇರೆ ದಾರಿ ಇರಲಿಲ್ಲ.

ಅದೇ ಹೊತ್ತಿಗೆ ನನ್ನ ಖಾಲಿ ಹೊಟ್ಟೆ ಕೊನೆಯ ಬೆಂಚಿಗೂ ಕೇಳುವಂತೆ ಗುಡುಗುಡು ಅಂದಿತು.

ಸಾಹೇಬರು ನನ್ನ ಹೆಗಲ ಮೇಲೆ ಕೈಯಿಟ್ಟರು. "ಹೊಟ್ಟಿ ಗುಡುಗುಡು ಅನ್ನೂದಕ್ಕ ಬಾರ್ಬಾರಿಗ್ಮಸ್ ಅಂತಾರ್ರಿ. ನಿಮ್ಮ ಹಕ್ಕಿ ಒಳಗ ಕೂಗಾಕತ್ತೈತಿ. ಮೊದಲ ಹೋಗಿ ಅದಕ್ಕ ನಾಕು ಕಾಳು ಹಾಕಿ ಬರ್ರಿ!"